ಹೆಸರು ಹೇಳುವ ವಾದ್ಯ

ಚರ್ಮವಾದ್ಯ ಮಾತಾಡಿತು ಎಂದು ಕವಿ ಹೇಳಿದರೆ ಅದು ಅಲಂಕಾರವೆಂದು ತರಗತಿಯಲ್ಲಿ ಬಿಡಿಸಿ ಹೇಳುವುದು ನನ್ನ ಕಸುಬು. ಪಶ್ಚಿಮ ಆಫ್ರಿಕದಲ್ಲಾದರೋ ಅದು ಅಲಂಕಾರವಲ್ಲ. ಡಮರುವಿನಂತೆ ನಡು ಸಣ್ಣಗಿರುವ ವಾದ್ಯವೊಂದನ್ನು ಅಲ್ಲಿ ಕಂಕುಳಲ್ಲಿ ಇರಿಸಿಕೊಂಡು, ಅದರ ಹುರಿಗಳನ್ನು ಒತ್ತುತ್ತ ಸಡಿಲಿಸುತ್ತ ಬಾಗಿದ ಕೋಲಿನಿಂದ ಬಾರಿಸುತ್ತಾರೆ. ಒತ್ತಿದರೆ ದನಿ ಏರುತ್ತದೆ, ಬಿಟ್ಟರೆ ಇಳಿಯುತ್ತದೆ. ದನಿಯ ಏರಿಳಿತದಿಂದಲೇ ಶಬ್ದದ ಅರ್ಥ ಬೇರೆಯಾಗುವ ಯೊರುಬಾದಂಥ ಭಾಷೆಯಲ್ಲಿ, ಕೇಳುವವರು ಬಡಿತದಲ್ಲೇ ಮಾತನ್ನು ಗುರುತಿಸಬಲ್ಲರು. ಸೆನೆಗಲ್ ದೇಶದಲ್ಲಿ ಇಂಥ ವಾದ್ಯಕ್ಕೆ ತಾಮಾ ಎಂದು ಹೆಸರು.

2018ರಲ್ಲಿ ತೆರೆಕಂಡ ‘ಬ್ಲ್ಯಾಕ್ ಪ್ಯಾಂಥರ್’ ಎಂಬ ಅಮೆರಿಕದ ಚಿತ್ರದ ಕಥೆ ನಡೆಯುವುದು ವಕಾಂಡ ಎಂಬ ಕಲ್ಪಿತ ಆಫ್ರಿಕನ್ ರಾಜ್ಯದಲ್ಲಿ. ಅದಕ್ಕೆ ಸಂಗೀತ ಕೂಡಿಸಿದ ಲುಡ್ವಿಗ್ ಯೊರಾನ್‌ಸನ್ ಸ್ವೀಡನ್ನಿನವರು. ಅವರು ಮೊದಲು ಸೆನೆಗಲ್ಲಿಗೆ ಹೋಗಿ, ಹೆಸರಾಂತ ಗಾಯಕ ಬಾಬಾ ಮಾಲ್ ಅವರ ಮೇಳದೊಡನೆ ತಿರುಗಾಡಿದರು. ಆ ಮೇಳದ ತಾಮಾ ವಾದಕ ಮಸ್ಸಾಂಬಾ ಜೋಪ್. ಚಿತ್ರದ ಅರಸನ ಹೆಸರಿನ ಅಕ್ಷರಗಳನ್ನೇ ಅವರ ಕೋಲು ನುಡಿಸುತ್ತದೆ. ಹೊಗಳುಭಟರು ಅರಸನ ಬಿರುದು ಸಾರುವಂತೆ ವಾದ್ಯ ಇಲ್ಲಿ ತನ್ನ ಹಳೆಯ ಕೆಲಸವನ್ನೇ ಮಾಡಿದೆ. ಅರಸನ ಎದುರಾಳಿ ಬೆಳೆದದ್ದು ಅಮೆರಿಕದಲ್ಲಿ. ಅವನಿಗೆ ಫುಲಾನಿ ಜನರ ಕೊಳಲು, ಅದರೊಡನೆ ಹಿಪ್‌ಹಾಪ್ ತಾಳ. ಇವುಗಳ ಹಿಂದೆ ದೊಡ್ಡ ಪಾಶ್ಚಾತ್ಯ ವಾದ್ಯವೃಂದ. ಈ ಸಂಗೀತಕ್ಕೆ 2019ರಲ್ಲಿ ಆಸ್ಕರ್ ಪ್ರಶಸ್ತಿ ಬಂದಿತು.

ಯೊರಾನ್‌ಸನ್ ದಕ್ಷಿಣ ಆಫ್ರಿಕಕ್ಕೂ ಹೋಗಿದ್ದರು. ಅಲ್ಲಿ ಹ್ಯೂ ಟ್ರೇಸಿ 1954ರಲ್ಲಿ ಸ್ಥಾಪಿಸಿದ ಆಫ್ರಿಕನ್ ಸಂಗೀತದ ಭಂಡಾರವಿದೆ. ಹಳ್ಳಿಹಳ್ಳಿ ಸುತ್ತಿ ಮುದ್ರಿಸಿಕೊಂಡ ಹಾಡುಗಳೂ ವಾದ್ಯಗಳೂ ಅಲ್ಲಿ ಸೇರಿವೆ. ಆದರೆ ಅದೇ ದೇಶದ ಇನ್ನೊಂದು ಕಥೆಯನ್ನು ನಾವು ಮರೆಯಬಾರದು. 1939ರಲ್ಲಿ ಸಾಲೊಮನ್ ಲಿಂಡಾ ಎಂಬ ಜುಲು ಗಾಯಕ ಜೊಹಾನ್ಸ್‌ಬರ್ಗಿನಲ್ಲಿ ‘ಎಂಬೂಬೆ’ ಎಂಬ ಹಾಡನ್ನು ಧ್ವನಿಮುದ್ರಿಸಿದ. ಎಂಬೂಬೆ ಎಂದರೆ ಸಿಂಹ. ಹಾಡಿನ ಹಕ್ಕಿಗೆ ಅವನಿಗೆ ದೊರೆತದ್ದು 10 ಷಿಲಿಂಗ್. ಅಮೆರಿಕದವರು ಅದೇ ಹಾಡನ್ನು 1961ರಲ್ಲಿ ಇಂಗ್ಲಿಷ್ ಮಾತು ಸೇರಿಸಿ ಹಾಡಿ ಲೋಕಪ್ರಸಿದ್ಧಗೊಳಿಸಿದರು. ಮರುವರ್ಷ ಲಿಂಡಾ ಬಡತನದಲ್ಲೇ ತೀರಿಕೊಂಡ. 1994ರಲ್ಲಿ ‘ದಿ ಲಯನ್ ಕಿಂಗ್’ ಚಿತ್ರದಲ್ಲಿಯೂ ಆ ಹಾಡು ಕೇಳಿಬಂದಿತು. ಅವನ ಹೆಣ್ಣುಮಕ್ಕಳ ಪರವಾಗಿ 2004ರಲ್ಲಿ ದಾವೆ ಹೂಡಬೇಕಾಯಿತು. 2006ರಲ್ಲಿ ರಾಜಿಯಾಗಿ, ಲಿಂಡಾ ಹಾಡಿನ ಕರ್ತೃಗಳಲ್ಲಿ ಒಬ್ಬನೆಂಬುದು ಒಪ್ಪಿತವಾಯಿತು.

ಸಂಗೀತಗಳು ಬೆರೆಯುವುದು ಹೊಸತಲ್ಲ, ತಪ್ಪೂ ಅಲ್ಲ. ಬೆರೆಸಿದವನು ನಾದದೊಡನೆ ಅದನ್ನು ನುಡಿಸಿದವನ ಹೆಸರನ್ನೂ ತಂದನೇ ಎಂಬುದೇ ನಾನು ಕೇಳುವ ಪ್ರಶ್ನೆ. ‘ಬ್ಲ್ಯಾಕ್ ಪ್ಯಾಂಥರ್’ ಸಂಗೀತದ ಮುದ್ರಿಕೆಯಲ್ಲಿ ಬಾಬಾ ಮಾಲ್ ಅವರ ಹೆಸರಿದೆ. ಲಿಂಡಾನ ಕಾಲಕ್ಕೆ ಹೋಲಿಸಿದರೆ ಇದು ದೊಡ್ಡ ಮಾತೇ. ಆದರೂ ಆಸ್ಕರ್ ಪ್ರತಿಮೆಯ ಮೇಲೆ ಸಂದದ್ದು ಒಬ್ಬರದೇ ಹೆಸರು. ಅರಸನ ಹೆಸರನ್ನು ಅಷ್ಟು ಸ್ಪಷ್ಟವಾಗಿ ನುಡಿದ ಕೈ ಜೋಪ್ ಅವರದೆಂದು ಚಿತ್ರ ನೋಡಿದವರಲ್ಲಿ ಎಷ್ಟು ಜನ ಬಲ್ಲರು?