ನಗೆ, ಕೋಪ ಮತ್ತು ಸತ್ಯವ್ರತ

ನಾವುಂದದ ಆಸುಪಾಸಿನಲ್ಲಿ ಮಾರಣಕಟ್ಟೆ ಮೇಳದ ಬಯಲಾಟ ನೋಡುತ್ತ ಬೆಳೆದವರಿಗೆ ರಾಜಕೀಯ ವಿಡಂಬನೆ ಹೊಸತಲ್ಲ. ಪುರಾಣದ ರಾಜನ ಮುಂದೆ ನಿಂತ ಹಾಸ್ಯಗಾರನು ಇಂದಿನ ಚುನಾವಣೆ, ಕಚೇರಿಗಳ ಮಾತನ್ನು ನಡುವೆ ತೂರಿಸುತ್ತಾನೆ. ಎದುರು ಕುಳಿತ ಪಂಚಾಯತಿ ಸದಸ್ಯರೂ ನಗುತ್ತಾರೆ. ಇಂಥ ನಗೆ ಅಚ್ಚಿಗೂ ಬಳಿಕ ದೂರದರ್ಶನಕ್ಕೂ ಬಂದ ಬಗೆ ವಿಚಾರಾರ್ಹವಾಗಿದೆ.

'ರಾಶಿ' ಎಂದು ಪ್ರಸಿದ್ಧರಾದ ಡಾ. ಎಂ. ಶಿವರಾಂ ಅವರು 1942ರಲ್ಲಿ ಬೆಂಗಳೂರಿನಿಂದ 'ಕೊರವಂಜಿ' ಹಾಸ್ಯಪತ್ರಿಕೆಯನ್ನು ಆರಂಭಿಸಿ 1967ರವರೆಗೆ ನಡೆಸಿದರು. ಮೈಸೂರಿನ ಆರ್.ಕೆ. ಲಕ್ಷ್ಮಣ್ ಅವರ ಆರಂಭದ ಚಿತ್ರಗಳು ಅದರಲ್ಲಿ ಬಂದವು. ಅದೇ ಲಕ್ಷ್ಮಣ್ ಸೃಷ್ಟಿಸಿದ ಪಾತ್ರವು 1988ರಲ್ಲಿ 'ವಾಗ್ಲೆ ಕಿ ದುನಿಯಾ' ಆಗಿ ದೂರದರ್ಶನವನ್ನು ಸೇರಿತು. ಮರುವರ್ಷ ಜಸ್ಪಾಲ್ ಭಟ್ಟಿಯವರ 'ಫ್ಲಾಪ್ ಶೋ' ಬಂತು. ಸರಕಾರದ ದೂರದರ್ಶನದಲ್ಲಿಯೇ ಸರಕಾರಿ ನೌಕರ, ಕಂತ್ರಾಟುದಾರ, ಡಾಕ್ಟರರಷ್ಟೇ ಅಲ್ಲ, ಧಾರಾವಾಹಿ ಮಾಡುವವರೂ ನಗೆಗೆ ಗುರಿಯಾದರು. ತಪ್ಪಿತಸ್ಥನ ವೇಷವನ್ನು ಭಟ್ಟಿಯವರು ಹೆಚ್ಚಾಗಿ ತಾವೇ ಹಾಕುತ್ತಿದ್ದರು. ಸಿಮೆಂಟು ಮಾರುವವನಾದ ನಾನು ಕಂತ್ರಾಟುದಾರನ ಕಂತನ್ನು ಮೊದಲು ನಕ್ಕು, ಆಮೇಲೆ ಸುಮ್ಮನೆ ಕುಳಿತು ನೋಡಿದೆನು.

ಖಾಸಗಿ ವಾರ್ತಾವಾಹಿನಿಗಳು ಬಂದ ಮೇಲೆ ನಗೆಗಿಂತ ನಗೆಯ ಮೇಲಿನ ಕೋಪವೇ ದೊಡ್ಡ ಕಾರ್ಯಕ್ರಮವಾಯಿತು. 2016ರ ಆಗಸ್ಟ್‌ನಲ್ಲಿ ಮುನಿಶ್ರೀ ತರುಣಸಾಗರರು ಹರಿಯಾಣ ವಿಧಾನಸಭೆಯಲ್ಲಿ ಪ್ರವಚನ ನೀಡಿದಾಗ ಗಾಯಕ ವಿಶಾಲ್ ದದ್ಲಾನಿ ಅದನ್ನು ಅಪಹಾಸ್ಯ ಮಾಡಿದರು. ದೇಶವೆಲ್ಲ ಗದ್ದಲವೆದ್ದಿತು, ಅವರು ಕ್ಷಮೆ ಕೇಳಿದರು. ತಮಗೆ ಬೇಸರವಿಲ್ಲವೆಂದು ಮುನಿಶ್ರೀಗಳು ಹೇಳಿದರೂ ಪೋಲೀಸು ದೂರು ದಾಖಲಾಯಿತು. 2019ರಲ್ಲಿ ಪಂಜಾಬ್ ಮತ್ತು ಹರಿಯಾಣ ಉಚ್ಚ ನ್ಯಾಯಾಲಯವು ಪ್ರಕರಣವನ್ನು ರದ್ದುಪಡಿಸಿದರೂ 10 ಲಕ್ಷ ರೂಪಾಯಿ ತೆರಲು ಹೇಳಿತು. ಅದನ್ನೂ 2025ರಲ್ಲಿ ಸರ್ವೋಚ್ಚ ನ್ಯಾಯಾಲಯವು ತಳ್ಳಿಹಾಕಿತು.

ತತ್ತ್ವಾರ್ಥಸೂತ್ರದ ಏಳನೆಯ ಅಧ್ಯಾಯದಲ್ಲಿ ಸತ್ಯವ್ರತಕ್ಕೆ ಐದು ಭಾವನೆಗಳನ್ನು ಹೇಳಿದೆ. ಹಾಸ್ಯದ ತ್ಯಾಗ ಅವುಗಳಲ್ಲೊಂದು. ವಿಡಂಬನಕಾರರ ವಿರುದ್ಧ ನಮ್ಮವರು ಇದನ್ನು ಬೇಗನೆ ಎತ್ತಿ ತೋರಿಸುವರು. ಆದರೆ ಅದೇ ಸೂತ್ರದಲ್ಲಿ ಕ್ರೋಧದ ತ್ಯಾಗವು ಎಲ್ಲಕ್ಕಿಂತ ಮೊದಲು ಬಂದಿದೆ. ನಕ್ಕವನು ಹಾಸ್ಯದಿಂದ ಜಾರಿದ್ದರೆ, ಕೂಗಾಡಿದವನು ಜಾರಿದ್ದು ಯಾವುದರಿಂದ? ಭಟ್ಟಿಯವರ ನಗೆಯಿಂದ ಯಾವ ಸತ್ಯಕ್ಕೂ ಹಾನಿಯಾದುದನ್ನು ನಾನು ಕಾಣೆ. ಹರಿಯಾಣದ ಅಪಹಾಸ್ಯ ಆ ಜಾತಿಯದಲ್ಲ, ನಿಜ. ಆದರೂ ಮುನಿಯೇ ಬಿಟ್ಟುಕೊಟ್ಟ ಸಾಲವನ್ನು ವಸೂಲು ಮಾಡಹೊರಟವರ ಲೆಕ್ಕ ನನಗೆ ಅರ್ಥವಾಗುವುದಿಲ್ಲ.

ಆ ದಿನಗಳಲ್ಲಿ ನನ್ನ ಅಂಗಡಿಗೂ ಒಂದು ಖಂಡನಾಪತ್ರ ಬಂದಿತ್ತು. ಓದದೆ ಸಹಿ ಹಾಕಿದೆನು. ಮುನಿಶ್ರೀಗಳ ಮಾತನ್ನು ಪತ್ರಿಕೆಯಲ್ಲಿ ಕಂಡದ್ದು ಮರುದಿನ.