ಕೆತ್ತಿದವನ ಹೆಸರು: ಲಂಡನ್ನಿನಲ್ಲಿ ಉರುಶಿಬಾರಾ ಯೊಶಿಜಿರೊ

ಜಪಾನಿನ ಮರದಚ್ಚು ಚಿತ್ರಗಳ ಚರಿತ್ರೆ ಬಹುಮಟ್ಟಿಗೆ ಚಿತ್ರ ಬರೆದವರ ಚರಿತ್ರೆಯಾಗಿಯೇ ಉಳಿದಿದೆ. ಹೊಕುಸಾಯ್, ಹಿರೊಶಿಗೆ ಎಲ್ಲರಿಗೂ ಗೊತ್ತು. ಅವರ ಗೆರೆಯನ್ನು ಚೆರಿ ಮರದ ಹಲಗೆಯಲ್ಲಿ ಕೊರೆದವರು ಯಾರು, ಬಣ್ಣವನ್ನು ಕಾಗದಕ್ಕೆ ಇಳಿಸಿದವರು ಯಾರು ಎಂದು ಕೇಳುವವರು ಕಡಿಮೆ. ಬಂಡವಾಳ ಪ್ರಕಾಶಕನದು, ಕರಡು ಚಿತ್ರಕಾರನದು. ಕೆತ್ತುವವನಿಗೂ ಅಚ್ಚೊತ್ತುವವನಿಗೂ ಸಲ್ಲುತ್ತಿದ್ದುದು ಮುಖ್ಯವಾಗಿ ಕೂಲಿ. ಈ ಏರ್ಪಾಡಿನೊಳಗಿನ ಒಬ್ಬ ಕಸುಬುದಾರ ಪರದೇಶದಲ್ಲಿ ಕಲಾವಿದನಾದ ಬಗೆಯನ್ನು ಉರುಶಿಬಾರಾ ಯೊಶಿಜಿರೊನ ಬದುಕಿನಲ್ಲಿ ಸ್ಪಷ್ಟವಾಗಿ ಕಾಣಬಹುದು.

ಟೋಕಿಯೊದ ಉರುಶಿಬಾರಾ 1910ರಲ್ಲಿ ಲಂಡನ್ನಿನ ವೈಟ್ ಸಿಟಿಯಲ್ಲಿ ನಡೆದ ಜಪಾನ್-ಬ್ರಿಟಿಷ್ ಪ್ರದರ್ಶನದಲ್ಲಿ ಜನರೆದುರು ಮರದಚ್ಚಿನ ಕೆಲಸ ತೋರಿಸಲು ಬಂದವನು. ಆ ವೇಳೆಗೆ ಇಂಗ್ಲೆಂಡಿಗೆ ಈ ವಿದ್ಯೆ ತೀರ ಹೊಸತೇನಲ್ಲ. ಅಲ್ಲಿನ ಕಲಾವಿದರಾದ ಜಾನ್ ಬ್ಯಾಟನ್, ಮೊರ್ಲಿ ಫ್ಲೆಚರ್ ಇಬ್ಬರೂ 1890ರ ದಶಕದಲ್ಲೇ, ತೊಕುನೊ ಎಂಬ ಜಪಾನಿ ಅಧಿಕಾರಿ ಬರೆದಿದ್ದ ವಿವರಣೆಯನ್ನು ಮುಂದಿಟ್ಟುಕೊಂಡು ಜಪಾನಿ ಕ್ರಮದಲ್ಲಿ ಅಚ್ಚೊತ್ತಲು ತೊಡಗಿದ್ದರು. ಆದರೆ ಓದಿನಿಂದ ದಕ್ಕುವುದಕ್ಕೆ ಒಂದು ಮಿತಿಯಿದೆ. ಕಾಗದಕ್ಕೆ ಬಳಿಯುವ ಅಂಟು-ಪಟಿಕದ ದ್ರಾವಣ ತೆಳುವಾದರೆ ಬಣ್ಣ ಹರಡುತ್ತದೆ, ಗಟ್ಟಿಯಾದರೆ ಒಳಗಿಳಿಯುವುದಿಲ್ಲ. ಹದವೆಲ್ಲಿ ಎಂಬುದನ್ನು ಪುಸ್ತಕ ಹೇಳಲಾರದು. ಕೆನಡಾದಲ್ಲಿ ನೆಲೆಸಿದ್ದ ಕಲಾವಿದ ವಾಲ್ಟರ್ ಫಿಲಿಪ್ಸ್ 1920ರ ದಶಕದ ನಡುವೆ ಇಂಗ್ಲೆಂಡಿಗೆ ಬಂದಾಗ ಉರುಶಿಬಾರಾನಿಂದ ಕಲಿತದ್ದು ಈ ಬಗೆಯ ಸಂಗತಿಗಳನ್ನು. ಪ್ಯಾರಿಸ್ಸಿನ ಪ್ರಾಸ್ಪರ್-ಆಲ್ಫೋನ್ಸ್ ಐಸಾಕ್ ಕೂಡ ಈತನ ಬಳಿ ಕಲಿತವನೇ.

ಪ್ರದರ್ಶನ ಮುಗಿದರೂ ಉರುಶಿಬಾರಾ ಊರಿಗೆ ಮರಳಲಿಲ್ಲ. ಗು ಕೈಜಿಯದೆಂದು ಪರಂಪರೆಯಿಂದ ಹೇಳಿಕೊಂಡು ಬಂದ ಚೀನೀ ರೇಷ್ಮೆ ಸುರುಳಿಯೊಂದು 1903ರಿಂದ ಬ್ರಿಟಿಷ್ ಮ್ಯೂಸಿಯಮ್ಮಿನಲ್ಲಿತ್ತು. ಅದರ ಮರದಚ್ಚಿನ ಪ್ರತಿರೂಪವನ್ನು ಸುಗಿಝಾಕಿ ಹಿದೆಯಾಕಿಯೊಡನೆ ಸೇರಿ ಸಿದ್ಧಪಡಿಸಿದ. ಅದು 1912ರಲ್ಲಿ 100 ಪ್ರತಿಗಳಲ್ಲಿ ಹೊರಬಂತು. ಇಲ್ಲಿಯವರೆಗೆ ಈತ ನಕಲುಗಾರ, ಅಸಾಧಾರಣ ನಕಲುಗಾರ ಅಷ್ಟೆ.

ತಿರುವು ಕಾಣುವುದು ಚಿತ್ರಕಾರ ಫ್ರ್ಯಾಂಕ್ ಬ್ರಾಂಗ್ವಿನ್ ಜೊತೆಗಿನ ಕೆಲಸದಲ್ಲಿ. ಬ್ರಾಂಗ್ವಿನ್ ಹುಟ್ಟಿದ ಬ್ರೂಜ್ ನಗರದ ದೃಶ್ಯಗಳ ಸಂಪುಟ ಲಾರೆನ್ಸ್ ಬಿನ್ಯನ್ ಕವಿತೆಗಳೊಡನೆ 1919ರಲ್ಲಿ ಬಂತು. 1924ರಲ್ಲಿ ಹತ್ತು ಚಿತ್ರಗಳ ಇನ್ನೊಂದು. ಉಕಿಯೊ-ಎ, ಅಂದರೆ ಹೊಕುಸಾಯ್-ಹಿರೊಶಿಗೆ ಪರಂಪರೆಯ, ಚಿತ್ರಕಾರ ಕೆತ್ತುವವನಿಗೆ ಕೊಡುತ್ತಿದ್ದುದು ಖಚಿತವಾದ ಗೆರೆ. ಮೊದಲು ಗೆರೆಹಲಗೆ, ಬಳಿಕ ಒಂದೊಂದು ಬಣ್ಣಕ್ಕೊಂದು ಹಲಗೆ. ಬ್ರಾಂಗ್ವಿನ್‌ನ ಬಲವಾದರೋ ಗೆರೆಯಲ್ಲಿಲ್ಲ. ಒದ್ದೆ ಕುಂಚದ ಬೀಸಿನಲ್ಲಿ, ನೆರಳಿನ ದೊಡ್ಡ ದೊಡ್ಡ ರಾಶಿಗಳಲ್ಲಿದೆ. ಎಲ್ಲಿ ಒಂದು ಹಲಗೆ ಮುಗಿದು ಇನ್ನೊಂದು ಶುರುವಾಗಬೇಕು, ಯಾವ ನೆರಳಿನ ಮೇಲೆ ಯಾವ ಬಣ್ಣ ಕೂರಬೇಕು ಎಂಬುದನ್ನು ಕರಡು ಹೇಳುವುದಿಲ್ಲ. ಅದನ್ನು ತೀರ್ಮಾನಿಸಬೇಕಾದವನು ಉಳಿ ಹಿಡಿದವನು. ಸಂಜೆಯ ಆಕಾಶಕ್ಕೆ ಬೊಕಾಶಿ ಕ್ರಮವಿತ್ತು: ಹಲಗೆಯ ಒಂದು ಬದಿಯನ್ನು ತೇವಗೊಳಿಸಿ, ಬಣ್ಣ ಅತ್ತ ಹೋಗುತ್ತ ತಾನಾಗಿ ತಿಳಿಯಾಗುವಂತೆ ಕುಂಚ ಆಡಿಸಿ, ಬಿದಿರಿನ ಸಿಪ್ಪೆ ಸುತ್ತಿದ ಬಾರೆನ್ನಿನಿಂದ ಕಾಗದದ ಬೆನ್ನನ್ನು ಉಜ್ಜುವುದು. ಪ್ರತಿ ಹಾಳೆಗೂ ಇದನ್ನು ಹೊಸದಾಗಿಯೇ ಮಾಡಬೇಕು. ಈ ಚಿತ್ರಗಳನ್ನು ಬ್ರಾಂಗ್ವಿನ್ ಕೃತಿಗಳ ಪ್ರತಿಗಳೆಂದು ಪಟ್ಟಿಮಾಡುವವರು ಕಣ್ಣೆದುರಿಗಿರುವ ಅರ್ಧ ಕೆಲಸವನ್ನು ನೋಡಿಲ್ಲವೆಂದೇ ನನ್ನ ಅನಿಸಿಕೆ.

ಉರುಶಿಬಾರಾ ತಾನೇ ರಚಿಸಿದ ಹೂದಾನಿಗಳು, ಕುದುರೆಗಳು, ಸ್ಟೋನ್‌ಹೆಂಜ್ ಕಲ್ಲುಗಳು ಇವೆ. ಇವುಗಳ ಅಂಚಿನಲ್ಲಿ ಆತನದೇ ಪೆನ್ಸಿಲ್ ಸಹಿ. ಹೂವಿನ ಚಿತ್ರಗಳು ಕೊಳ್ಳುವವರ ಮನೆಯ ಗೋಡೆಯನ್ನು ನೆನೆದು ಮಾಡಿದವು ಎನ್ನಿಸುವುದುಂಟು, ಇರಲಿ. ಆದರೂ ಕಪ್ಪು ಹಿನ್ನೆಲೆಯ ಮೇಲೆ ಎಸಳು ಎದ್ದು ನಿಲ್ಲುವ ಪರಿಯಲ್ಲಿ ಅಚ್ಚೊತ್ತುವವನ ಹಿಡಿತ ಎದ್ದು ಕಾಣುತ್ತದೆ.

ಜಪಾನಿನಲ್ಲಿಯೂ ಇದೇ ಕಾಲಕ್ಕೆ ಶ್ರಮವಿಭಜನೆಯ ವಿರುದ್ಧ ದನಿಯೆದ್ದಿತ್ತು. ಯಾಮಾಮೊತೊ ಕಾನಾಯೆ 1904ರಲ್ಲಿ ಬೆಸ್ತನ ಚಿತ್ರವನ್ನು ತಾನೇ ಬರೆದು, ತಾನೇ ಕೆತ್ತಿ, ತಾನೇ ಅಚ್ಚೊತ್ತಿದ. ಸೊಸಾಕು-ಹಾಂಗಾ ಚಳವಳಿಯ ಆರಂಭವನ್ನು ವಿದ್ವಾಂಸರು ಅಲ್ಲಿ ಗುರುತಿಸುತ್ತಾರೆ. ಆ ಚಳವಳಿಯಲ್ಲಿ ಚಿತ್ರಕಾರ ಉಳಿಯತ್ತ ಬಂದ. ಉರುಶಿಬಾರಾ ಉಳಿಯಿಂದ ಚಿತ್ರದತ್ತ ನಡೆದ. ಇತ್ತ ಶಿನ್-ಹಾಂಗಾ, ಎಂದರೆ 'ಹೊಸ ಅಚ್ಚುಚಿತ್ರ'ಗಳ, ಪ್ರಕಾಶಕ ವಾತಾನಾಬೆ ಶೋಝಾಬುರೊ ಹಳೆಯ ಏರ್ಪಾಡನ್ನೇ ಮುಂದುವರಿಸಿದ. ಮೂವತ್ತು ವರ್ಷ ಹೊರಗಿದ್ದು 1940ರಲ್ಲಿ, ಯುದ್ಧದ ನಡುವೆ, ಟೋಕಿಯೊಗೆ ಮರಳಿದವನನ್ನು ಈ ಎರಡು ಸಾಲುಗಳಲ್ಲಿ ಯಾವುದಕ್ಕೂ ಸಲೀಸಾಗಿ ಸೇರಿಸಲಾಗದು. 1953ರಲ್ಲಿ ತೀರಿಕೊಂಡ ಈತನನ್ನು ಸರಿಯಾಗಿ ಅರಿಯಬೇಕಾದರೆ ಚಳವಳಿಗಳ ಹೆಸರು ಬದಿಗಿಟ್ಟು, ಕೆಲಸದ ಮನೆಯಲ್ಲಿ ಯಾವ ತೀರ್ಮಾನ ಯಾರದಾಗಿತ್ತು ಎಂದು ಒಂದೊಂದು ಹಾಳೆಯನ್ನೂ ಹಿಡಿದು ನೋಡಬೇಕಾಗುತ್ತದೆ.