ಸಪ್ರೂ ಭವನದಿಂದ ಶಿಡ್ಲಘಟ್ಟಕ್ಕೆ

ವಿದೇಶಾಂಗ ನೀತಿ ಎಂದರೆ ನಾಯಕರ ಪ್ರವಾಸ ಮತ್ತು ಟಿವಿಯಲ್ಲಿ ಕಾಣುವ ಅಪ್ಪುಗೆ ಎಂಬ ತಿಳಿವಳಿಕೆ ಚಿಕ್ಕಬಳ್ಳಾಪುರ, ಚಿಂತಾಮಣಿಯ ಪದವಿ ತರಗತಿಗಳವರೆಗೂ ಬಂದಿದೆ. ಅಲಿಪ್ತ ನೀತಿ ನೆಹರೂ ಕಂಡ ಬರೀ ಕನಸು ಎಂಬ ಮಾತೂ ಸಲೀಸಾಗಿ ಕೇಳಿಬರುತ್ತದೆ. ಅಂತರರಾಷ್ಟ್ರೀಯ ಸಂಬಂಧಗಳ ಶಾಸ್ತ್ರ ನಮ್ಮಲ್ಲಿ ಬೆಳೆದ ಬಗೆಯನ್ನು ಬಲ್ಲವರು ಹೀಗೆ ಹೇಳಲಾರರು.

ಆರಂಭದಲ್ಲಿ ಬರೆದವರು ಹೆಚ್ಚಾಗಿ ರಾಯಭಾರಿಗಳು, ನ್ಯಾಯವಾದಿಗಳು. ಅಂಥವರಲ್ಲೊಬ್ಬರಾದ ಮಂಗಳೂರಿನ ಬೆನಗಲ್ ನರಸಿಂಗರಾಯರು 1950ರ ಜೂನ್‌ನಲ್ಲಿ, ಕೊರಿಯಾ ಯುದ್ಧ ಶುರುವಾದಾಗ, ವಿಶ್ವಸಂಸ್ಥೆಯ ಭದ್ರತಾ ಮಂಡಳಿಯ ಅಧ್ಯಕ್ಷರಾಗಿದ್ದರು. ಶಾಸ್ತ್ರೀಯ ಅಧ್ಯಯನಕ್ಕೆ ನೆಲೆ ಸಿಕ್ಕಿದ್ದು 1955ರಲ್ಲಿ, ದೆಹಲಿಯ ಸಪ್ರೂ ಭವನದ ಇಂಡಿಯನ್ ಸ್ಕೂಲ್ ಆಫ್ ಇಂಟರ್‌ನ್ಯಾಷನಲ್ ಸ್ಟಡೀಸ್‌ನಲ್ಲಿ. 1970ರಲ್ಲಿ ಅದು ಜೆಎನ್‌ಯು ಸೇರಿತು.

ಅಲ್ಲಿಯ ಎಂ. ಎಸ್. ರಾಜನ್ ಅವರ ಪುಸ್ತಕಗಳ ಮೇಲೆ ನಮ್ಮ ತಲೆಮಾರು ಬೆಳೆಯಿತು. 1946ರಲ್ಲಿ ದಕ್ಷಿಣ ಆಫ್ರಿಕಾದ ಭಾರತೀಯರ ಪ್ರಶ್ನೆಯನ್ನು ನಾವು ವಿಶ್ವಸಂಸ್ಥೆಗೆ ಒಯ್ದಾಗ, ಅದು ತನ್ನ ಆಂತರಿಕ ವಿಷಯ ಎಂದು ಆ ದೇಶ ವಾದಿಸಿತು. ಆಂತರಿಕ ವಿಷಯದ ಎಲ್ಲೆಯನ್ನು ಗುರುತಿಸುವವರು ಯಾರು? ಸನ್ನದಿನ 2(7)ನೇ ವಿಧಿಯ ಸುತ್ತಲಿನ ಈ ತೊಡಕೇ ರಾಜನ್‌ರ ‘ಯುನೈಟೆಡ್ ನೇಷನ್ಸ್ ಅಂಡ್ ಡೊಮೆಸ್ಟಿಕ್ ಜೂರಿಸ್‌ಡಿಕ್ಷನ್’ ಗ್ರಂಥದ ವಸ್ತು. 1964ರಲ್ಲಿ ಬಂದ ‘ಇಂಡಿಯಾ ಇನ್ ವರ್ಲ್ಡ್ ಅಫೇರ್ಸ್ 1954–56’ ಪಂಚಶೀಲ, ಬಾಂಡುಂಗ್, ಸೂಯೆಜ್‌ಗಳ ಕಾಲದ್ದು. ಸೂಯೆಜ್ ದಾಳಿಯನ್ನು ಒಡನೆ ಖಂಡಿಸಿದ ಭಾರತ ಹಂಗೇರಿಗೆ ಸೋವಿಯತ್ ಸೇನೆ ನುಗ್ಗಿದ ವಿಷಯದಲ್ಲಿ ತಡವರಿಸಿತ್ತು. ಇಂಥದ್ದನ್ನು ತೂಗಿ ನೋಡುವುದನ್ನು ಕಲಿತವನು ಅಲಿಪ್ತತೆಯನ್ನು ಪೂಜಿಸುವುದೂ ಇಲ್ಲ, ಹೀಗಳೆಯುವುದೂ ಇಲ್ಲ. 1998ರ ಪೋಖ್ರಾನ್ ಅಣು ಪರೀಕ್ಷೆಗಳ ನಂತರ ಬಂದ ಶಸ್ತ್ರಬಲದ ಲೆಕ್ಕಾಚಾರದ ಬರಹಗಳು ಚುರುಕಾಗಿವೆ. ಆದರೆ ರಾಜನ್‌ರ ದಾಖಲೆನಿಷ್ಠೆ ಅವುಗಳಲ್ಲಿ ಕಡಿಮೆ.

ದಾಖಲೆಯ ಪಂಥ, ಶಸ್ತ್ರಬಲದ ಪಂಥ ಎರಡರ ಕಣ್ಣೂ ದೆಹಲಿಯ ಮೇಲೇ. ಆದರೆ ವಿದೇಶಾಂಗ ನೀತಿ ಊರುಗಳನ್ನೂ ಮುಟ್ಟುತ್ತದೆ; ನಮ್ಮ ಚಿಕ್ಕಬಳ್ಳಾಪುರ ಜಿಲ್ಲೆಯನ್ನೇ ನೋಡಿ. 1963ರ ಭಾಗಶಃ ಅಣು ಪರೀಕ್ಷಾ ನಿಷೇಧ ಒಪ್ಪಂದ ಭೂಗರ್ಭ ಪರೀಕ್ಷೆಗಳನ್ನು ನಿಷೇಧಿಸಲಿಲ್ಲ. 1964ರಲ್ಲಿ ಚೀನಾ ಅಣುಬಾಂಬ್ ಸಿಡಿಸಿತು. 1965ರಲ್ಲಿ ಬ್ರಿಟನ್ ಸಹಕಾರದೊಂದಿಗೆ ಗೌರಿಬಿದನೂರಿನ ಬಂಡೆನೆಲದಲ್ಲಿ, ಇಂಗ್ಲಿಷಿನ ಎಲ್ ಅಕ್ಷರದಂತೆ ಎರಡು ಸಾಲಾಗಿ ಭೂಕಂಪ ಮಾಪಕಗಳನ್ನು ಹೂಡಿದರು. ದೂರದ ಸ್ಫೋಟವನ್ನು ಭೂಕಂಪದಿಂದ ಬೇರ್ಪಡಿಸಿ ಗುರುತಿಸುವ ಕೆಲಸ ಅಲ್ಲಿಯದು. 1996ರಲ್ಲಿ ಸಮಗ್ರ ಪರೀಕ್ಷಾ ನಿಷೇಧ ಒಪ್ಪಂದಕ್ಕೆ ಭಾರತ ಸಹಿ ಹಾಕಲಿಲ್ಲ. ಆ ಚರ್ಚೆಯಲ್ಲಿ ನಮ್ಮೂರಿನ ಈ ಕೇಂದ್ರಕ್ಕೂ ಜಾಗವಿರಬೇಕು.

ಶಿಡ್ಲಘಟ್ಟದ ರೇಷ್ಮೆ ಗೂಡು ಮಾರುಕಟ್ಟೆಯದು ಇನ್ನೂ ಹತ್ತಿರದ ಪಾಠ. 2011ರ ಬಜೆಟ್ಟು ಕಚ್ಚಾ ರೇಷ್ಮೆಯ ಆಮದು ಸುಂಕವನ್ನು ಶೇ 30ರಿಂದ ಶೇ 5ಕ್ಕೆ ಇಳಿಸಿತು. ಚೀನಾ ನೂಲಿನ ಎದುರು ಗೂಡಿನ ದರ ಕುಸಿದು, ಬೆಳೆಗಾರರು ಬೀದಿಗಿಳಿದರು. 2013ರಲ್ಲಿ ಸುಂಕ ಶೇ 15ಕ್ಕೆ ಏರಿತು. ಗೂಡು ಮಾರುಕಟ್ಟೆಯ ಹರಾಜು ಕಟ್ಟೆಯಲ್ಲಿ ನಿಂತ ರೈತನಿಗೂ ನೂಲು ಬಿಚ್ಚಾಣಿಕೆದಾರನಿಗೂ ಚೀನಾ ಜತೆಗಿನ ಸಂಬಂಧ ಕೆ.ಜಿ. ಲೆಕ್ಕದಲ್ಲಿ ಗೊತ್ತು. ಅದನ್ನು ಪಠ್ಯವಾಗಿಸುವುದು ನಮ್ಮ ಹೊಣೆ.

ಬೆಂಗಳೂರು ಉತ್ತರ ವಿಶ್ವವಿದ್ಯಾಲಯದ ರಾಜ್ಯಶಾಸ್ತ್ರದ ಸಂಶೋಧಕರು ಈ ಎರಡು ವಿಷಯಗಳನ್ನು ಕೈಗೆತ್ತಿಕೊಳ್ಳಲಿ, ಕನ್ನಡದಲ್ಲೇ ಬರೆಯಲಿ.